ಕಲ್ಲಿನ ಹಿಡಿ

ಕ್ಯಾಲನೂರಿನ ದೊಡ್ಡಗಂಗಮ್ಮನ ಕಥೆಗಳಲ್ಲಿ ಕೂಲಿಗೆ ರಾಗಿ ಬೀಸುವ ಹೆಂಗಸೊಬ್ಬಳು ತಪ್ಪದೆ ಬರುತ್ತಿದ್ದಳು. ಹಿಟ್ಟೆಲ್ಲ ಮನೆಯೊಡತಿಗೆ, ಬೀಸುವಕಲ್ಲಿನ ಸುತ್ತ ಕೊನೆಗೆ ಉಳಿದ ಒಂದು ಹಿಡಿ ಬೀಸಿದವಳಿಗೆ. ಅದು ಕಲ್ಲಿನ ಹಿಡಿ. ಅದನ್ನೂ ಬಳಿದುಕೊಂಡ ಒಡತಿಯ ಮನೆಯಲ್ಲಿ ಮರುದಿನ ಕಲ್ಲು ತಿರುಗುತ್ತಿರಲಿಲ್ಲ.

ಆ ಕಥೆ ಕೇಳುತ್ತಲೇ ಬೆಳೆದ ಮೊಮ್ಮಗಳು ಗಂಗಾ ಕೀಬೋರ್ಡ್ ಕಲಿತು ರಾಗ ಕಟ್ಟತೊಡಗಿದಳು. ಅವಳನ್ನು ಹುಡುಕಿಕೊಂಡು ಮುಳಬಾಗಿಲಿನ ವಂಶಿಕೃಷ್ಣ ಬಂದ. ಅವನು ಧಾರಾವಾಹಿಗಳ ಸಂಗೀತವನ್ನು ಪ್ಯಾಕೇಜ್ ಲೆಕ್ಕದಲ್ಲಿ ಹಿಡಿಯುವವನು. ಚಾನೆಲ್‌ನವರು ಒಂದೇ ಗಂಟು ಕೊಡುತ್ತಾರೆ. ಸ್ಟುಡಿಯೋ, ಕೊಳಲಿನವನು, ಹಾಡುವವಳು ಎಲ್ಲ ಅದರಲ್ಲೇ ಆಗಬೇಕು. ಹಾಗಾಗಿ ಗಂಗಾಳಿಗೆ ಈಗ ಏನೂ ಮಿಕ್ಕುವುದಿಲ್ಲ ಎಂದ. ಆದರೆ ಟೈಟಲ್ ಹಾಡು ಅವಳ ಹೆಸರಲ್ಲೇ ಬರುತ್ತದೆ, ಅದು ಪ್ರಸಾರವಾದಾಗಲೆಲ್ಲ ರಾಯಲ್ಟಿ ಅವಳಿಗೇ ಎಂದ.

"ಹಂಗಾದ್ರೆ ಅದೇ ಕಣೇ ಕಲ್ಲಿನ ಹಿಡಿ" ಅಂದಳು ಅಜ್ಜಿ.

ಅಂದು ಅವನು ಅವರ ಮನೆಯಲ್ಲೇ ಮುದ್ದೆ, ಮಸ್ಸೊಪ್ಪು ಉಣ್ಣುತ್ತಾ ಅದೇ ಮಾತನ್ನು ಮತ್ತೆ ಹೇಳಿದ. ಉಣ್ಣಲು ಕೂತವನ ಹತ್ತಿರ ಕಾಗದಕ್ಕೆ ರುಜು ಕೇಳಿದರೆ ಎಲೆ ಮುಂದಿನಿಂದ ಎಬ್ಬಿಸಿದ ಹಾಗೆ. ಯಾರೂ ಕೇಳಲಿಲ್ಲ.

ಗಂಗಾ ಬೀಸುವಕಲ್ಲಿನ ನಿಧಾನದ ಸುತ್ತನ್ನೇ ತಾಳ ಮಾಡಿಕೊಂಡು ಹಾಡು ಕಟ್ಟಿಕೊಟ್ಟಳು. ಧಾರಾವಾಹಿ ಶುರುವಾದ ಸಂಜೆ ಅಕ್ಕಪಕ್ಕದವರೆಲ್ಲ ಬಂದು ಕೂತರು. ಓದು ಬಾರದ ಅಜ್ಜಿ, ನನ್ನ ಮೊಮ್ಮಗಳ ಹೆಸರು ಬಂದಾಗ ತೋರಿಸ್ರೇ ಎಂದು ಮೊದಲೇ ಹೇಳಿಟ್ಟಿದ್ದಳು. ಹಾಡು ಬಂತು. ಸಂಗೀತ: ವಂಶಿಕೃಷ್ಣ ಎಂದು ಬಂತು. ಯಾರೂ ಬೆರಳು ಎತ್ತಲಿಲ್ಲ.

ಏನೋ ತಪ್ಪಾಗಿರಬೇಕು ಎಂದೇ ಗಂಗಾ ಫೋನು ಮಾಡಿದಳು.

"ಹೊಸಬರ ಹೆಸರು ಚಾನೆಲ್‌ನೋರು ಒಪ್ಪಲ್ಲಮ್ಮಾ. ರಾಯಲ್ಟೀನೂ ನನ್ನ ಹೆಸರಲ್ಲೇ ರಿಜಿಸ್ಟರ್ ಆಗೋಯ್ತು. ಮುಂದಿನದ್ರಲ್ಲಿ ನೋಡೋಣ" ಎಂದವನು ಅದೇ ಉಸಿರಿನಲ್ಲಿ, ನಾಯಕಿ ಅಳುವ ಸೀನಿಗೆ ಅದೇ ರಾಗವನ್ನು ನಿಧಾನ ಮಾಡಿ ಕಳಿಸು ಎಂದ.

"ನಮ್ಮನೇಲಿ ಉಣ್ತಾ ಹೇಳಿದ ಮಾತಲ್ವಾ ಅಣ್ಣಾ ಅದು?"

"ಒಂದು ಮುದ್ದೆಗೂ ಲೆಕ್ಕ ಇಟ್ಟಿದೀಯೇನಮ್ಮಾ?" ಅವನು ನಕ್ಕ.

ಅವಳು ಕಳಿಸಲಿಲ್ಲ. ತಾನಿಲ್ಲದೆ ಅವನ ಕೆಲಸ ನಿಲ್ಲುತ್ತದೆ ಅಂದುಕೊಂಡಿದ್ದಳು. ಆ ವಾರವೇ ನಾಯಕಿ ಅತ್ತಳು, ಗಂಗಾಳ ರಾಗಕ್ಕೇ. ಕಂಪ್ಯೂಟರಿನಲ್ಲಿ ಯಾರೋ ಎಳೆದು ನಿಧಾನ ಮಾಡಿದ್ದರು. ಪಕ್ಕದ ಮನೆಯ ಶಾಮಲಮ್ಮ ಕಣ್ಣು ಒರೆಸಿಕೊಂಡು ಬಾಗಿಲಲ್ಲಿ ಇಣುಕಿ, ಎಷ್ಟು ಚೆನ್ನಾಗಿ ಮಾಡವ್ನೆ ಎಂದು ಹೇಳಿ ಹೋದಳು.

ಗಂಗಾ ಟಿವಿ ಆರಿಸಿ ಅಜ್ಜಿಯ ಕಡೆ ತಿರುಗಿದಳು. "ಹಿಡೀನೂ ಬಳ್ಕೊಂಡೋಳ ಕಲ್ಲು ನಿಂತೋಗ್ತಿತ್ತಲ್ಲ ಅಜ್ಜೀ?"

ಗೋಡೆಯಾಚೆ ಶಾಮಲಮ್ಮನ ಟಿವಿಯಲ್ಲಿ ಆ ರಾಗ ಇನ್ನೂ ಬರುತ್ತಿತ್ತು. ದೊಡ್ಡಗಂಗಮ್ಮ ಅದು ಮುಗಿಯುವ ತನಕ ಕಾದಳು.

"ಕಥೇಲಿ ನಿಲ್ತಿತ್ತು ಕಣೇ" ಅಂದಳು.