ಬಿಪಿ ತಾನೇ?

ಮೆಟ್ಟಿಲ ತಿರುವಿನಲ್ಲಿ ನಿಂತು ಅವಳು ಗೋಡೆಯ ಮೇಲಿನ ಹರಾಜಿನ ಪ್ರಕಟಣೆಯನ್ನು ಓದುವವಳಂತೆ ನಟಿಸುತ್ತಿದ್ದಳು. ಯಾರದೋ ಹಳೆಯ ಲಾರಿ, ಯಾರದೋ ಮುಟ್ಟುಗೋಲಾದ ಗೋದಾಮು. ಹಿಂದಿನಿಂದ ಬಂದ ಗುಮಾಸ್ತ, "ಏನ್ ಮೇಡಂ, ಲಾರಿ ತಗೋತೀರಾ?" ಎಂದು ನಕ್ಕು, ಎರಡೆರಡು ಮೆಟ್ಟಿಲು ಹಾರುತ್ತ ಮೇಲೆ ಹೋದ. ಅವಳೂ ನಕ್ಕಳು. ನಗುವುದಕ್ಕೂ ಉಸಿರು ಬೇಕು ಎಂಬುದು ಅವಳಿಗೆ ಈಚೆಗೆ ಗೊತ್ತಾದ ಸಂಗತಿ.

ಅವಳು ನ್ಯಾಯಾಲಯದಲ್ಲಿ ದುಭಾಷಿ. ಒಬ್ಬರ ಮಾತನ್ನು ಇನ್ನೊಬ್ಬರಿಗೆ ದಾಟಿಸುವುದು ಕೆಲಸ. ನಿನ್ನೆ ತಜ್ಞೆ ಹೇಳಿದ್ದನ್ನು ಮಾತ್ರ ಇನ್ನೂ ಯಾರಿಗೂ ದಾಟಿಸಿರಲಿಲ್ಲ.

ಈ ಏದುಸಿರಿಗೆ ಒಬ್ಬ ಡಾಕ್ಟರು ಅಸ್ತಮಾ ಎಂದಿದ್ದ. ಇನ್ನೊಬ್ಬ ರಕ್ತ ಕಡಿಮೆ ಎಂದಿದ್ದ. ಮತ್ತೊಬ್ಬ, "ಮನಸ್ಸಿಗೆ ಏನೋ ಹಚ್ಕೊಂಡಿದ್ದೀರಿ, ಸ್ವಲ್ಪ ಸುತ್ತಾಡಿ ಬನ್ನಿ" ಎಂದು ಕಳಿಸಿದ್ದ. ಕೊನೆಗೆ ಈ ತಜ್ಞೆ ಕತ್ತಿನ ರಕ್ತನಾಳದಿಂದ ತೆಳ್ಳನೆಯ ನಳಿಗೆಯೊಂದನ್ನು ಹೃದಯದವರೆಗೆ ಇಳಿಸಿ, ಒಳಗಿನ ಒತ್ತಡವನ್ನು ಅಳೆದಿದ್ದಳು.

"ಇದು ತೋಳಿಗೆ ಪಟ್ಟಿ ಸುತ್ತಿ ನೋಡೋ ಬಿಪಿ ಅಲ್ಲ. ಹೃದಯದಿಂದ ಶ್ವಾಸಕೋಶಕ್ಕೆ ರಕ್ತ ಒಯ್ಯೋ ನಾಳಗಳು ಬಿಗಿದುಕೊಂಡಿವೆ. ಅವುಗಳೊಳಗೆ ರಕ್ತ ತಳ್ಳಿ ತಳ್ಳಿ ನಿಮ್ಮ ಹೃದಯದ ಬಲಭಾಗ ಊದಿಕೊಂಡಿದೆ. ಸೋಲ್ತಾ ಇದೆ."

"ವಾಸಿ ಆಗುತ್ತಾ?"

"ಮಾತ್ರೆಗಳಿವೆ. ನಿಧಾನ ಮಾಡಬಹುದು."

ದುಭಾಷಿಗೆ ತಿಳಿಯದ ಉತ್ತರವಲ್ಲ ಅದು.

"ಇನ್ನೊಂದು. ನೀವು ಬಸಿರಾಗಬಾರದು. ಹೃದಯ ತಡೆಯೋದಿಲ್ಲ." ತಜ್ಞೆ ಪೆನ್ನಿಗೆ ಮುಚ್ಚಳ ಹಾಕಿದಳು. "ಯಜಮಾನರನ್ನ ಕರ್ಕೊಂಡು ಬನ್ನಿ. ನಾನೇ ತಿಳಿಸಿ ಹೇಳ್ತೀನಿ."

"ಬೇಡ, ನಾನೇ ಹೇಳ್ತೀನಿ. ನನ್ನ ಕೆಲಸವೇ ಅದು" ಎಂದಿದ್ದಳು ಅವಳು, ತುಸು ಜಂಬದಿಂದಲೇ.

ಇವತ್ತು ಸಾಕ್ಷಿಕಟ್ಟೆಯಲ್ಲಿ ಮುದುಕಿಯೊಬ್ಬಳು ನಿಂತಿದ್ದಳು. ಕಟ್ಟಡದ ಅಟ್ಟಣಿಗೆ ಕುಸಿದು ಮಗ ಸತ್ತಿದ್ದ. ಗುತ್ತಿಗೆದಾರನ ಮೇಲೆ ಮೊಕದ್ದಮೆ. ಮುದುಕಿಯ ಭಾಷೆ ಆ ಕೋಣೆಯಲ್ಲಿ ದುಭಾಷಿಯೊಬ್ಬಳಿಗೇ ಬರುತ್ತಿತ್ತು. ಸಾಕ್ಷಿ 'ನಾನು' ಎಂದರೆ ದುಭಾಷಿಯೂ 'ನಾನು' ಎನ್ನಬೇಕು. ಅದು ನಿಯಮ.

"ಆ ದಿನ ಬೆಳಿಗ್ಗೆ ನಿಮ್ಮ ಮಗ ಏನಾದರೂ ಹೇಳಿದ್ದನೇ?" ವಕೀಲ ಕೇಳಿದ.

ಮುದುಕಿ ತಡೆಯಿಲ್ಲದೆ ಹೇಳಿದಳು. ಅವಳು ದಾಟಿಸತೊಡಗಿದಳು: "ನನ್ನ ಮಗನ ಅಂಗಿ ಒಣಗಿರಲಿಲ್ಲ. ಒದ್ದೆ ಅಂಗಿಯಲ್ಲೇ ಹೋದ. ನನ್ನ ಮಗನಿಗೆ ನೆಗಡಿಯಾದೀತು ಅಂತ ನಾನು ಮಧ್ಯಾಹ್ನದವರೆಗೂ ಅದನ್ನೇ... ನನ್ನ ಮಗ..."

ಉಸಿರು ಮುಗಿಯಿತು. ಬಾಯಿ ತೆರೆದೇ ಇತ್ತು, ಮಾತು ಹೊರಡಲಿಲ್ಲ. ಕಟ್ಟೆಯ ಅಂಚನ್ನು ಹಿಡಿದುಕೊಂಡಳು. ಕಣ್ಣಿಗೆ ಕತ್ತಲೆ ಕಟ್ಟಿ ನೀರು ತುಂಬಿತು.

ನ್ಯಾಯಾಧೀಶರು ಕನ್ನಡಕ ತೆಗೆದರು. "ಭಾವುಕರಾಗಬೇಡಿ," ಎಂದರು, ಎಂದೂ ಇಲ್ಲದ ಮೃದುವಾದ ದನಿಯಲ್ಲಿ. "ನೀರು ಕುಡೀರಿ. ಸ್ವಲ್ಪ ಹೊತ್ತು ಬಿಟ್ಟು ಮುಂದುವರಿಸೋಣ."

ಹೊರಗೆ ವಕೀಲ ಖುಷಿಯಲ್ಲಿದ್ದ. "ಏನ್ ಮೇಡಂ! ನನ್ನ ಇಡೀ ವಾದ ಒಂದು ಕಡೆ, ನಿಮ್ಮ ಆ ಬಿಕ್ಕು ಒಂದು ಕಡೆ."

"ನಾನು ಅತ್ತಿಲ್ಲ."

"ಗೊತ್ತು ಬಿಡಿ," ಎಂದು ಕಣ್ಣು ಮಿಟುಕಿಸಿ ಹೋದ.

ನಿಜಕ್ಕೂ ಅತ್ತಿರಲಿಲ್ಲ. ಮುದುಕಿ ಹೇಳುತ್ತಿದ್ದಾಗ ಅವಳ ತಲೆಯಲ್ಲಿ ಇದ್ದದ್ದು ವಾಕ್ಯದ ಉದ್ದವೊಂದೇ. ಇದು ಒಂದೇ ಉಸಿರಿಗೆ ಸಿಕ್ಕೀತೇ ಎಂಬ ಲೆಕ್ಕ. ಆದರೂ ಮುದುಕಿ ಬಂದು ಅವಳ ಎರಡೂ ಕೈ ಹಿಡಿದಳು. "ನನ್ನ ಮಗನಿಗಾಗಿ ಅತ್ತವಳು ನೀನೊಬ್ಬಳೇ, ತಾಯಿ. ನಿನಗೆ ಮಕ್ಕಳೆಷ್ಟು?"

ಅವಳಿಗೆ ಕೈ ಬಿಡಿಸಿಕೊಳ್ಳಲು ಆಗಲಿಲ್ಲ.

ಮಧ್ಯಾಹ್ನ ಗಂಡನಿಗೆ ಫೋನು ಮಾಡಿದಳು. ಅವನು ಕಟ್ಟಡಗಳ ನಕ್ಷೆ ಬರೆಯುವವನು. ಮಾತಾಡುವಾಗಲೂ ಗೆರೆ ಎಳೆಯುವ ಸದ್ದು ಕೇಳುತ್ತಿತ್ತು.

"ರಿಪೋರ್ಟ್ ಬಂತು. ಒತ್ತಡ ಜಾಸ್ತಿ ಇದೆಯಂತೆ. ಶ್ವಾಸಕೋಶದ..."

"ಬಿಪಿ ತಾನೇ? ಅಬ್ಬ! ನಾನೇನೋ ಅಂದ್ಕೊಂಡಿದ್ದೆ. ಈಗ ಯಾರಿಗಿಲ್ಲ ಹೇಳು?"

"ಆ ಬಿಪಿ ಅಲ್ಲ ಇದು."

"ಉಪ್ಪು ಕಡಿಮೆ ಮಾಡು. ಸಂಜೆ ಮಾತಾಡೋಣ, ಇಲ್ಲಿ ಜನ ಕೂತಿದ್ದಾರೆ."

ಸಂಜೆ ಅವಳು ಮನೆಗೆ ಬರುವಷ್ಟರಲ್ಲಿ ಸುದ್ದಿ ಅತ್ತೆಯನ್ನು ತಲುಪಿತ್ತು. ಅತ್ತೆ ತಮ್ಮ ಮಾತ್ರೆಯ ಡಬ್ಬಿ ತಂದು ಮುಂದಿಟ್ಟರು. "ಇದ್ರಲ್ಲಿ ಅರ್ಧ ತಗೋ. ನಂಗೆ ನಿನ್ನ ಗಂಡ ಹುಟ್ಟೋ ಮೊದಲಿಂದ ಇದೆ. ಗುಂಡುಕಲ್ಲಿನ ಹಾಗೆ ಇಲ್ವಾ?"

"ಇದು ಬೇರೆ ಅತ್ತೆ. ಹೃದಯದ ಬಲಭಾಗ..."

"ಎಡವೋ ಬಲವೋ, ಇರೋದೊಂದೇ ಹೃದಯ. ನೋಡೋಕೆ ಚೆನ್ನಾಗೇ ಇದ್ದೀಯ. ಕೆನ್ನೆ ಕೆಂಪಗಿದೆ." ಅತ್ತೆಯ ದನಿಯಲ್ಲಿ ನಿಜವಾದ ಅಕ್ಕರೆಯಿತ್ತು. ಅದೇ ಕಷ್ಟ. ಅವಳು ಅರ್ಧ ಮಾತ್ರೆಯನ್ನು ಅಂಗೈಯಲ್ಲಿ ಹಿಡಿದುಕೊಂಡು ಒಳಗೆ ಹೋಗಿ, ಬಚ್ಚಲಲ್ಲಿ ಬಿಟ್ಟು ನೀರು ಸುರಿದಳು. ಕನ್ನಡಿಯಲ್ಲಿ ನೋಡಿಕೊಂಡಳು. ಕೆನ್ನೆ ಕೆಂಪಗಿತ್ತು.

ಗಂಡ ಬಂದವನೇ, "ನಡಿ, ವಾಕಿಂಗ್ ಹೋಗೋಣ. ಬಿಪಿಗೆ ಅದೇ ಮದ್ದು" ಎಂದ. ಹೊರಗೆ ಇಬ್ಬರೇ ಇದ್ದಾಗ ಹೇಳಿಬಿಡಬಹುದು ಎಂದುಕೊಂಡು ಅವಳು ಚಪ್ಪಲಿ ಮೆಟ್ಟಿದಳು.

ನೀರಿನ ಟ್ಯಾಂಕಿನ ಕಡೆಗೆ ಹೋಗುವ ರಸ್ತೆ ಮೆಲ್ಲಗೆ ಏರುತ್ತದೆ. ಏರು ಎಂದು ಯಾರಿಗೂ ಅನ್ನಿಸದಷ್ಟು. ಇನ್ನೂ ಬೆಳಕಿತ್ತು.

"ಡಾಕ್ಟರ್ ಇನ್ನೊಂದು ಹೇಳಿದ್ರು," ಎಂದಳು.

"ಹೇಳ್ತಾರೆ, ಹೇಳ್ತಾರೆ. ಭಯ ಪಡಿಸದಿದ್ರೆ ಅವರ ಹತ್ರ ಯಾರು ಹೋಗ್ತಾರೆ? ನಾನೊಂದು ಯೋಚನೆ ಮಾಡಿದ್ದೀನಿ ಕೇಳು. ಆ ಸಣ್ಣ ಕೋಣೆ ಇದೆಯಲ್ಲ, ಅದರ ಪೂರ್ವದ ಗೋಡೆಗೆ ಒಂದು ಕಿಟಕಿ ಒಡೆಸಿದ್ರೆ ಬೆಳಗಿನ ಬಿಸಿಲು ಬರುತ್ತೆ. ಮಗುವಿಗೆ ಒಳ್ಳೇದು. ನಿನ್ನ ಬಿಪಿ ಒಂದು ಹದಕ್ಕೆ ಬರಲಿ, ಆಮೇಲೆ..."

"ಇಲ್ಲ, ಕೇಳು..." ಅವಳು ಅಂದಳು. ಅಂದೆನೆಂದುಕೊಂಡಳು. ಎದೆಯೊಳಗೆ ಯಾರೋ ಮುಷ್ಟಿ ಬಿಗಿಹಿಡಿದಂತಾಯಿತು. ಕಾಲು ನಿಂತುಬಿಟ್ಟಿತು. ಯಾರದೋ ಕಾಂಪೌಂಡಿಗೆ ಒರಗಿಕೊಂಡಳು.

ಅವನಿಗೆ ಗೊತ್ತಾಗಲಿಲ್ಲ. ಅದೇ ನಡಿಗೆಯಲ್ಲಿ ಏರು ಹತ್ತುತ್ತಿದ್ದ. ಗಾಳಿಯಲ್ಲಿ ಬೆರಳಿನಿಂದ ಕಿಟಕಿಯ ಚೌಕ ಬರೆದು ತೋರಿಸಿದ. ಕೂಗಬಹುದಿತ್ತು, ಕೂಗುವುದಕ್ಕೆ ಬೇಕಾದದ್ದು ಅವಳಲ್ಲಿರಲಿಲ್ಲ.

ದೂರದಲ್ಲಿ ಅವನು ತನ್ನ ಎಡಗಡೆಗೆ, ಅವಳು ಇರಬೇಕಾಗಿದ್ದ ಜಾಗಕ್ಕೆ, ಅರ್ಧ ವಾಲಿ ಏನೋ ಕೇಳಿದ. ಉತ್ತರಕ್ಕಾಗಿ ಒಂದು ಗಳಿಗೆ ಸುಮ್ಮನಾದ. ಆಮೇಲೆ, ಸಿಕ್ಕ ಉತ್ತರ ಒಪ್ಪಿಗೆಯಾದವನಂತೆ ತಲೆಯಾಡಿಸಿ, ನಗುತ್ತ, ಪಕ್ಕದ ಆ ಖಾಲಿ ಜಾಗದೊಂದಿಗೆ ಮಾತಾಡುತ್ತ ಮುಂದೆ ನಡೆದ.