ಸಿನಿಮಾಕ್ಕ ಬಿತ್ತಿದ ಜ್ವಾಳ

ನನ್ನ ಗಂಡ ಮಲಕಪ್ಪಗ ಕ್ಯಾಮೆರಾ ಕಂಡ್ರ ಬುದ್ಧಿ ಮಂಕಾಗತೈತಿ. ಇಲ್ಲಂದ್ರ ಹಿಂಗಾರಿ ಬಿತ್ತೋ ದಿನ, ಹೊಲಕ್ಕ ಬಂದ ಟ್ರ್ಯಾಕ್ಟರ್ ಯಾವ ಶಾಣ್ಯಾ ಹೊಳ್ಳಿ ಕಳಸತಾನ್ರಿ?

ಬಾಗಲಕೋಟಿಯಿಂದ ಸಂಗಮೇಶ ಅನ್ನೋ ಹುಡುಗ ನಮ್ಮ ಗುಡೂರಿಗೆ ಬಂದಿದ್ದ, ಒಕ್ಕಲುತನದ ಮ್ಯಾಲ ಸಣ್ಣ ಸಿನಿಮಾ ತೆಗಿಯಾಕ. “ಟ್ರ್ಯಾಕ್ಟರ್ ಬ್ಯಾಡ್ರಿ ಕಾಕಾರ, ಎತ್ತು ಹೂಡ್ರಿ” ಅಂದ. ಸಾಕಲ್ಲ! ನಮ್ಮಾಂವ ಅಟ್ಟದ ಮ್ಯಾಲಿನ ಬಿತ್ತೋ ಕೂರಿಗಿ ಇಳಿಸಿದ, ಬಾಜೂ ಹೊಲದ ಅಮಸಿದ್ದಪ್ಪನ ಎತ್ತು ಕೇಳಿ ತಂದ, ರುಮಾಲ ಸುತ್ತಿ ಮದುಮಗನಂಗ ನಿಂತ. “ರೀ, ಕರಿ ಎರಿ ಹೊಲ ಇದು. ಇವತ್ತ ಮಣ್ಣಾಗ ಹಸಿ ಐತಿ, ನಾಳಿಗಿ ಇರಂಗಿಲ್ಲ. ಮೊದಲ ಜ್ವಾಳ ಬಿತ್ತೂಣು” ಅಂತ ನಾ ಬಡಕೊಂಡೆ. ಕೇಳೋರ್ಯಾರು?

ಕೂರಿಗಿ ಹಿಂದ ನಡಕೋತ ಅದರ ಬಟ್ಟಲದಾಗ ಕಾಳ ಬಿಡೋದು ನನ್ನ ಕೆಲಸ. ಒಂದು ಸಾಲ ಮುಗಸೂದ್ರಾಗ ಹುಡುಗ ಕೈ ಎತ್ತಿದ.

“ಯವ್ವಾ, ಇನ್ನೊಮ್ಮೆ ಬರ್ರಿ. ಬಿಸಿಲು ಸರಿ ಬೀಳಲಿಲ್ಲ.”

“ಬಿತ್ತಿದ ಸಾಲಿನ್ಯಾಗ ಮತ್ತ ಹೆಂಗ ಬಿತ್ತಲೋ ತಮ್ಮಾ?”

“ಕಾಳ ಬ್ಯಾಡ್ರಿ, ಸುಮ್ಮನ ಕೈ ಆಡಸ್ರಿ.”

ಬರೇ ಕೈಲೆ ಬಿತ್ತಿದೆನ್ರಿ! ಆಮ್ಯಾಲ ಎತ್ತು ಕ್ಯಾಮೆರಾ ಕಡಿ ನೋಡಲಿಲ್ಲಂತ ಇನ್ನೊಮ್ಮೆ. ನಾ ಸಿಟ್ಟೀಲೆ ಕಾಣತೇನಿ ಅಂತ ಮತ್ತೊಮ್ಮೆ. “ಕಾಕಾರ, ಮಾರಿ ಮ್ಯಾಲ ಕಷ್ಟ ಕಾಣಬೇಕ್ರಿ” ಅಂದಕೂಡಲೆ ನನ್ನ ಗಂಡ ಹೊಟ್ಟಿಬ್ಯಾನಿ ಬಂದಾಂಗ ಮಾರಿ ಮಾಡಿದ. ಥೂ, ಸಾಕಾಗಿ ಹೋತು ನನಗ.

ಹೊತ್ತು ಮುಣಗಿದಾಗ ಅರ್ಧಾ ಹೊಲ ಹಂಗ ಉಳದಿತ್ತು. ಮರುದಿನ ಅಮಸಿದ್ದಪ್ಪನ ಮನೀದೂ ಬಿತ್ತಿಗಿ, ಎತ್ತು ಹೊಡಕೊಂಡು ಹೋದ. ಟ್ರ್ಯಾಕ್ಟರಿನವ ಹುನಗುಂದದ ಕಡಿ ಕೆಲಸ ಹಿಡದಿದ್ದ. ಅಂವ ಹೊಳ್ಳಿ ಬರೂದ್ರಾಗ ಹಸಿ ಆರಿ ಹೋಗಿತ್ತು. ನಾ ಬದುವಿನ ಮ್ಯಾಲ ಕುಂತು ಅತ್ತುಬಿಟ್ಟೆ. ವರ್ಷಪೂರ್ತಿ ಮನಿ ಮಂದಿ ತಿನ್ನೋ ರೊಟ್ಟಿ ಅದು.

ಜ್ವಾಳ ತೆನಿ ಹಿಡದಾಗ ಸಂಗಮೇಶ ಮತ್ತ ಬಂದು ಕ್ಯಾಮೆರಾದಾಗ ಒಂದಿಷ್ಟು ತೆಕ್ಕೊಂಡು ಹೋದ. ಮೊನ್ನೆ ಸಿನಿಮಾ ಫೋನಿಗೆ ಕಳಿಸಿದ. ಎತ್ತು, ಕೂರಿಗಿ, ನನ್ನ ಬರೇ ಕೈ, ಎಲ್ಲಾ ಛಲೋ ಬಂದಾವ. ಕಡೀಕ ನೋಡಿದ್ರ ಬಿತ್ತಲಾರದ ನಮ್ಮ ಅರ್ಧಾ ಹೊಲ! ಹಿಂದ ಕೊಳಲಿನ ದನಿ, ಸಂಗಮೇಶನ ಮಾತು: “ದುಡಿಯುವ ಕೈಗಳು ಸೋಮಾರಿಯಾಗಿವೆ. ಭೂಮಿ ಬೀಳು ಬಿದ್ದಿದೆ.”

ನನ್ನ ಮೈಯೆಲ್ಲಾ ಉರೀತು. ಮಲಕಪ್ಪ ಮಾತ್ರ, “ರುಮಾಲ ಛಲೋ ಕಾಣತೈತಲ್ಲ?” ಅಂದ. ಫೋನ ಕಸಗೊಂಡು ಹುಡುಗಗ ಹಚ್ಚಿದೆ.

“ತಮ್ಮಾ, ಸಿನಿಮಾ ಮುಗಿದ ಮ್ಯಾಲ ಯಾರ್ಯಾರು ಏನೇನು ಮಾಡ್ಯಾರ ಅಂತ ಹೆಸರು ಬರತಾವಲ್ಲ, ಆ ಬೀಳು ಹೊಲದ ಮುಂದ ನಿನ್ನ ಹೆಸರ ಹಾಕು.”