ಮಂಕಾದ ಕೆಂಪು ಕಲ್ಲು

೧೯೪೮ರ ಪೊಲೀಸ್ ಆ್ಯಕ್ಷನ್ನಿನ ಗಡಿಬಿಡಿಯಲ್ಲಿ ಹೈದರಾಬಾದಿನ ಅಣ್ಣನ ಮನೆ ಸೇರಿದ್ದ ಅಮೀರ್ಬೀ ಚಿತ್ತಾಪುರಕ್ಕೆ ಮರಳಿದ್ದು ಒಂದೂವರೆ ವರ್ಷದ ಮೇಲೆ. ಹೋಗುವಾಗ ತಾಯಿಯ ಕೆಂಪು ಕಲ್ಲಿನ ಉಂಗುರವನ್ನು ಪಕ್ಕದ ಮನೆಯ ಮಹಾದೇವಮ್ಮನ ಕೈಗೆ ಕೊಟ್ಟಿದ್ದಳು. ಬಂದ ಮರುದಿನವೇ ಮಹಾದೇವಮ್ಮ ಅರಿವೆಯ ಗಂಟು ಬಿಚ್ಚಿ ಅದನ್ನು ಮುಂದಿಟ್ಟಳು. ಬಂಗಾರ ಥಳಥಳ ಹೊಳೆಯುತ್ತಿತ್ತು. ಕಲ್ಲು ಮಾತ್ರ ಹಳೆಯ ಇಟ್ಟಿಗೆಯ ಬಣ್ಣಕ್ಕೆ ತಿರುಗಿತ್ತು.

ಅಮೀರ್ಬೀ ಬಿಸಿಲಿಗೆ ಹಿಡಿದು ನೋಡಿದಳು. ಅಮ್ಮನ ಬೆರಳಲ್ಲಿ ದಾಳಿಂಬೆ ಕಾಳಿನಂತಿದ್ದ ಕಲ್ಲು ಇದಲ್ಲವೆನಿಸಿತು. ಕೊಟ್ಟ ಚಹಾ ಕುಡಿದು ಎದ್ದು ಬಂದಳು.

ನಾಲ್ಕು ದಿನಕ್ಕೆ ಮಹಾದೇವಮ್ಮನ ಸೊಸೆ ಶಿವಕಾಂತಮ್ಮನ ಮೂಗಿನಲ್ಲಿ ಕೆಂಪು ಕಲ್ಲಿನ ಹೊಸ ಮೂಗುತಿ ಕಂಡಿತು. ಎಲ್ಲಿ ಮಾಡಿಸಿದಿ ಎಂದರೆ, ತವರಿನವರು ಕೊಟ್ಟದ್ದೆಂದು ಹೇಳಿ ಆಕೆ ಸರಸರ ಒಳಗೆ ಹೋದಳು. ಅದು ತನ್ನ ಉಂಗುರದ ಕಲ್ಲೇ ಇರಬೇಕೆಂದು ಅಮೀರ್ಬೀಗೆ ಅನುಮಾನ ಬಂತು. ಮಹಾದೇವಮ್ಮನೂ ಈಗ ಮೊದಲಿನಂತೆ ಗೋಡೆಯ ಬಳಿ ನಿಂತು ಮಾತಾಡುತ್ತಿರಲಿಲ್ಲ. ಜೀವ ಉಳಿದಿರುವಾಗ ಕಲ್ಲಿನ ಮಾತೇಕೆ ಎಂದು ಗಂಡ ಶಹಾಬುದ್ದೀನ ಎಷ್ಟು ಹೇಳಿದರೂ ಅವಳಿಗೆ ಸಮಾಧಾನವಾಗಲಿಲ್ಲ.

ಕೊನೆಗೆ ರೈಲು ಹತ್ತಿ ಶಹಾಬಾದಿಗೆ, ಆ ಉಂಗುರ ಮಾಡಿದ್ದ ಮಾನಪ್ಪ ಪತ್ತಾರನ ಬಳಿ ಹೋದಳು. ಮುದುಕ ಸೂಜಿಯಿಂದ ಕಲ್ಲು ಎಬ್ಬಿಸಿದ. ಬುಡದಲ್ಲಿ ತೆಳುವಾದ ತಗಡೊಂದು ಕಪ್ಪಗೆ ಕೊಳೆತಿತ್ತು.

“ಕಲ್ಲು ಅದೇ ಅದರಿ. ಬುಡದಾಗ ಬಣ್ಣಕ್ಕ ಇಟ್ಟ ಕೆಂಪು ತಗಡಿಗಿ ನೀರು ಹೊಕ್ಕಾದ.”

ಇಂಥ ಉಂಗುರವನ್ನು ಎಂದೂ ನೀರಲ್ಲಿ ನೆನೆಹಾಕಬಾರದು, ಮೆತ್ತನೆಯ ಅರಿವೆ ತುಸುವೇ ಒದ್ದೆ ಮಾಡಿ ಒರೆಸಿ ಕೂಡಲೇ ಒಣಗಿಸಬೇಕು ಎಂದು ತಿಳಿಸಿ, ಹೊಸ ತಗಡು ಕೂರಿಸಿ ಕೊಟ್ಟ. ಕಲ್ಲು ಮೊದಲಿನಂತೆ ಕೆಂಪಾಯಿತು. ಅಮೀರ್ಬೀಗೆ ಖುಷಿಗಿಂತ ನಾಚಿಕೆಯೇ ಹೆಚ್ಚಾಯಿತು.

ಊರಿಗೆ ಬಂದವಳು ನೆಟ್ಟಗೆ ಪಕ್ಕದ ಮನೆಗೆ ಹೋದಳು. ಮಹಾದೇವಮ್ಮ ಜೋಳ ಹಸನು ಮಾಡುತ್ತಿದ್ದಳು. ಉಂಗುರ ನೀರಿಗೆ ಹಾಕಿದ್ದಿರಾ ಎಂದು ಕೇಳಿದ್ದಕ್ಕೆ ತಲೆಯೆತ್ತದೆ ಹೇಳಿದಳು.

“ನೀ ಬರ್ತಿ ಅಂತ ಗೊತ್ತಾದ ದಿನಾ ಅಂಟುವಾಳದ ನೀರಾಗ ಮುಂಜಾನಿಂದ ಸಂಜಿತನಾ ಇಟ್ಟಿದ್ದೆ. ಕೊಳಕ ಉಂಗುರ ಹ್ಯಾಂಗ ಕೊಡಲಿ?”

“ಕಲ್ಲು ಕೆಟ್ಟದ್ದು ಯಾಕ ಹೇಳಲಿಲ್ಲ ಅಕ್ಕಾ?”

“ಹೇಳಿದ್ರ ನೀ ನಂಬ್ತಿದ್ದೇನು?”

ಅಮೀರ್ಬೀ ಮೂಗುತಿಯ ಮೇಲೂ ಅನುಮಾನಪಟ್ಟದ್ದನ್ನು ಮುಚ್ಚಿಡದೆ ಹೇಳಿಬಿಟ್ಟಳು. ಮಹಾದೇವಮ್ಮ ಮೊರದ ಜೋಳದಲ್ಲಿನ ಕಲ್ಲು ಆರಿಸುತ್ತ ಕೂತಳು. ಕಡೆಗೆ ತನ್ನ ಬೆರಳಿನ ಹಸಿರು ಕಲ್ಲಿನ ಉಂಗುರ ಬಿಚ್ಚಿ ಅವಳ ಮಡಿಲಿಗೆ ಹಾಕಿ, ಇದಕ್ಕೂ ತಗಡು ಇದೆಯೋ ನೋಡು ಎಂದಳು.

ಅಮೀರ್ಬೀ ಸೆರಗಿನ ಚುಂಗನ್ನು ತುಸುವೇ ಒದ್ದೆ ಮಾಡಿ ಅದನ್ನು ಒರೆಸತೊಡಗಿದಳು.